ಮರೆತ ನೆನಪು ತೆಗೆದುಕೊಡುತ್ತೇವೆ ಎನ್ನುವ ಶಿಬಿರಕ್ಕೆ ಹೋಗುವ ಮುಂಚೆ ಇದನ್ನು ಓದಿ

ಮಡಿಕೇರಿ ಹತ್ತಿರದ ಹೋಂಸ್ಟೇ ಒಂದರಲ್ಲಿ ಮುಂದಿನ ತಿಂಗಳು ಮತ್ತೆ ಆ ನೆನಪಿನ ಶಿಬಿರ ಇದೆ ಎಂದು ಮೊನ್ನೆ ನಮ್ಮ ವಾಟ್ಸಾಪ್ ಗುಂಪಿಗೆ ಸಂದೇಶ ಬಂತು. ಕೆಳಗೆ ಇಬ್ಬರು 'ನಾವು ಬರ್ತೇವೆ' ಎಂದು ಹಾಕಿದ್ದರು. ಇಬ್ಬರೂ 2018ರಲ್ಲಿ ಮನೆ ಕಳೆದುಕೊಂಡವರು. ಅವರಿಗೋಸ್ಕರವೇ ಇದನ್ನು ಬರೆಯುತ್ತಿದ್ದೇನೆ.

2018ರ ಆಗಸ್ಟ್‌ನಲ್ಲಿ ಮಕ್ಕಂದೂರು ಕಡೆಯ ನಮ್ಮ ಮನೆ, ಕೊಟ್ಟಿಗೆ, ಅರ್ಧ ಕಾಫಿ ತೋಟ ಎಲ್ಲವೂ ಗುಡ್ಡದ ಜೊತೆ ಜಾರಿ ಹೋದವು. ಜನ ಉಳಿದೆವು. ಅಜ್ಜಿಯ ಒಡವೆ ಇದ್ದ ಹಿತ್ತಾಳೆ ಪೆಟ್ಟಿಗೆ ಸಿಗಲಿಲ್ಲ. ಸಾಯುವ ತನಕ ಅಜ್ಜಿ 'ಪೆಟ್ಟಿಗೆ ಯಾರು ತಂದ್ರು?' ಎಂದು ಕೇಳುತ್ತಲೇ ಇದ್ದರು. ಆ ದಿನದ ಹೆಚ್ಚಿನದು ನನಗೆ ನೆನಪೇ ಇಲ್ಲ. ಮಳೆಯ ಸದ್ದು, ಯಾರದೋ ಟಾರ್ಚು, ಪರಿಹಾರ ಕೇಂದ್ರದ ತಣ್ಣನೆಯ ನೆಲ, ಇಷ್ಟೇ. ಉಳಿದದ್ದು ಎಲ್ಲಿ ಹೋಯಿತು ಎಂಬ ಪ್ರಶ್ನೆ ಹೊತ್ತುಕೊಂಡೇ ನಾನು ಆ ಶಿಬಿರಕ್ಕೆ ಹೋದದ್ದು.

ಎರಡು ದಿನಕ್ಕೆ 18,000 ರೂಪಾಯಿ. ನಡೆಸುವವರು ಮೆತ್ತಗಿನ ದನಿಯ, ತುಂಬಾ ತಾಳ್ಮೆಯ ಮನುಷ್ಯ. ಅವರು ಹೇಳಿದ್ದು ಹೀಗೆ: ನಾವು ಕಾಣುವ ಲೋಕದ ಅಡಿಯಲ್ಲಿ ಇನ್ನೊಂದು ಪದರ ಮಲಗಿದೆ. ಒಳಮನಸ್ಸು ಕಂಡದ್ದೆಲ್ಲ, ನಾವು ಮರೆತರೂ, ಅಲ್ಲಿ ಅಚ್ಚಳಿಯದೆ ಕೂತಿರುತ್ತದೆ. ಕೊಡಗಿನಲ್ಲಿ ಗುಡ್ಡಗಳು ಸೀಳಿದ್ದರಿಂದ ಆ ಪದರ ಇಲ್ಲಿ ತೆಳುವಾಗಿದೆ. ಬೈಲುಕುಪ್ಪೆಯ ಲಾಮಾಗಳಿಗೂ ಇದು ಗೊತ್ತು, ಅವರು ಇದನ್ನು ಆಲಯವಿಜ್ಞಾನ ಎನ್ನುತ್ತಾರೆ. ಹಿರಿಯರಿಗೆ, ಗುರುಕಾರಣರಿಗೆ ಎಡೆ ಇಡುವ ನಾಡು ನಮ್ಮದು. ಹೋದವರು ಪೂರ್ತಿ ಹೋಗಿಲ್ಲ ಎಂದರೆ ನಮ್ಮ ಮನಸ್ಸು ಬೇಗ ಒಪ್ಪಿಕೊಳ್ಳುತ್ತದೆ. ಅದು ಅವರಿಗೆ ಚೆನ್ನಾಗಿ ಗೊತ್ತಿತ್ತು.

ಆಲಯವಿಜ್ಞಾನ ಎಂಬ ಮಾತು ನಿಜಕ್ಕೂ ಇದೆ. ಬೌದ್ಧರ ಯೋಗಾಚಾರ ಪಂಥದ್ದು, ಅಸಂಗ, ವಸುಬಂಧು ಅದನ್ನು ವಿಸ್ತಾರವಾಗಿ ವಿವರಿಸಿದ್ದಾರೆ. ಕರ್ಮದ ಬೀಜಗಳು ಸೇರಿಕೊಳ್ಳುವ ಚಿತ್ತದ ತಳ ಅದು. ಗುಡ್ಡದ ಮಣ್ಣಿಗೂ ಕಳೆದುಹೋದ ಪೆಟ್ಟಿಗೆಗೂ ಅದಕ್ಕೂ ಸಂಬಂಧವಿಲ್ಲ. ನಾನು ಇದನ್ನು ಓದಿದ್ದು ಎಲ್ಲ ಮುಗಿದ ಮೇಲೆ.

ಮೊದಲ ದಿನ ಏನೂ ಕಾಣಲಿಲ್ಲ. 'ಅನುಮಾನವೇ ಬಾಗಿಲಿಗೆ ಅಡ್ಡ ನಿಂತಿದೆ' ಎಂದರು. ರಾತ್ರಿ ಮಾತಾಡಬಾರದು, ಮನೆಗೆ ಫೋನ್ ಮಾಡಬಾರದು, ನಿದ್ದೆಯೂ ಕಡಿಮೆ. ಎರಡನೇ ದಿನ ಮಧ್ಯಾಹ್ನ ಕಣ್ಣು ಮುಚ್ಚಿ ಮಲಗಿದ್ದಾಗ ಕಂಡೇಬಿಟ್ಟಿತು: ನಮ್ಮ ಅಂಗಳ, ಮಳೆ, ದೊಡ್ಡಪ್ಪ ಕೆಂಪು ಬಟ್ಟೆ ಸುತ್ತಿದ ಪೆಟ್ಟಿಗೆಯನ್ನು ಬಿಳಿ ಜೀಪಿನ ಸೀಟಿನ ಅಡಿ ತುರುಕುತ್ತಿದ್ದಾರೆ. ಒದ್ದೆ ಬಟ್ಟೆಯ ವಾಸನೆ ಕೂಡ ಮೂಗಿಗೆ ಬಂತು. ನಾನು ಬಿಕ್ಕಿ ಬಿಕ್ಕಿ ಅತ್ತೆ. ಉಳಿದವರೆಲ್ಲ ನನ್ನ ಬೆನ್ನು ಸವರಿದರು.

ಅಲ್ಲಿಂದ ನೆಟ್ಟಗೆ ದೊಡ್ಡಪ್ಪನ ಮನೆಗೆ ಹೋದೆ. ಸೊಸೆಯಂದಿರ ಎದುರಿಗೇ ಕೇಳಿದೆ. ದೊಡ್ಡಪ್ಪ ಒಂದು ಮಾತೂ ಆಡದೆ ಎದ್ದು ತೋಟಕ್ಕೆ ಹೋದರು. ಆ ಮೌನವನ್ನೂ ನಾನು ಸಾಕ್ಷಿ ಎಂದುಕೊಂಡೆ. ಅಮ್ಮ ನನ್ನ ಕಡೆ ನಿಂತರು. ಎರಡು ಮನೆಗಳ ನಡುವೆ ಐದು ತಿಂಗಳು ಬಾಯಿಮಾತಿಲ್ಲ.

ಕೊನೆಗೆ ದೊಡ್ಡಪ್ಪನ ಮಗ, ನನ್ನ ಅಣ್ಣ, ಫೋನ್ ಮಾಡಿದ. ಕೂಗಾಡಲಿಲ್ಲ. 'ಬಿಳಿ ಜೀಪು ನಾವು ತಗೊಂಡದ್ದು 2021ರಲ್ಲಿ. ನೀನೂ ಪೂಜೆಗೆ ಬಂದಿದ್ದೆ. 2018ರಲ್ಲಿ ಇದ್ದದ್ದು ಹಳೇ ನೀಲಿ ಜೀಪು, ಅದೂ ಮಣ್ಣಿನ ಅಡಿ ಹೋಯ್ತು' ಎಂದ.

ಶಿಬಿರದವರು ಆ ದಿನದ ಆಡಿಯೋ ನನಗೆ ಕಳಿಸಿದ್ದರು. ಅದನ್ನು ಆ ರಾತ್ರಿ ಮೊದಲಿಂದ ಕೇಳಿದೆ. 'ಯಾರೋ ಗಂಡಸರು ನಿಂತಿದ್ದಾರಾ? ಹತ್ತಿರದವರಾ?' ಎಂದು ಕೇಳಿದ್ದು ಅವರು. 'ಕೈಯಲ್ಲಿ ಏನೋ ಇದೆ ಅಲ್ವಾ?' ಎಂದದ್ದು ಅವರು. 'ಕೆಂಪು ಏನಾದರೂ ಕಾಣ್ತಿದೆಯಾ?' ಅದೂ ಅವರೇ. ಪ್ರತಿ ಸಲ ನಾನು 'ಗೊತ್ತಿಲ್ಲ' ಎಂದಿದ್ದೇನೆ, ಆಮೇಲೆ 'ಇರಬಹುದು', ಆಮೇಲೆ 'ಹೌದು'. ಪೆಟ್ಟಿಗೆಯ ವಿಷಯವನ್ನು ಅರ್ಜಿಯಲ್ಲಿ ನಾನೇ ಬರೆದುಕೊಟ್ಟಿದ್ದೆ.

ಇದು ನನ್ನೊಬ್ಬಳ ದೌರ್ಬಲ್ಯ ಅಲ್ಲ, ದಯವಿಟ್ಟು ಗಮನಿಸಿ. ಅಮೆರಿಕದಲ್ಲಿ ಮನಶ್ಶಾಸ್ತ್ರಜ್ಞೆ ಎಲಿಜಬೆತ್ ಲಾಫ್ಟಸ್ ಮತ್ತು ಜಾಕ್ವೆಲಿನ್ ಪಿಕ್ರೆಲ್ 1995ರಲ್ಲಿ ಪ್ರಕಟಿಸಿದ ಅಧ್ಯಯನವೊಂದಿದೆ. 24 ಜನರಿಗೆ, 'ನೀವು ಚಿಕ್ಕವರಿದ್ದಾಗ ಶಾಪಿಂಗ್ ಮಾಲ್‌ನಲ್ಲಿ ತಪ್ಪಿಸಿಕೊಂಡಿದ್ದಿರಂತೆ, ನಿಮ್ಮ ಮನೆಯವರೇ ಹೇಳಿದರು' ಎಂದು ಒಂದು ಕಟ್ಟುಕತೆ ಕೊಟ್ಟರು. ಸುಮಾರು ಕಾಲುಭಾಗ ಜನ ಅದನ್ನು ಪೂರ್ತಿಯೋ ಅರೆಬರೆಯೋ 'ನೆನಪಿಸಿಕೊಂಡರು'. ನೆನಪು ಪೆಟ್ಟಿಗೆಯಲ್ಲಿಟ್ಟ ಫೋಟೋದ ಹಾಗಿರುವುದಿಲ್ಲ. ನೆನೆದಾಗಲೆಲ್ಲ ಮಿದುಳು ಅದನ್ನು ಮತ್ತೆ ಕಟ್ಟುತ್ತದೆ, ಕಟ್ಟುವಾಗ ಕೈಗೆ ಸಿಕ್ಕಿದ್ದನ್ನು ಸೇರಿಸಿಕೊಳ್ಳುತ್ತದೆ. ಎಷ್ಟು ಸ್ಪಷ್ಟವಾಗಿ ಕಂಡಿತು, ಎಷ್ಟು ಅಳು ಬಂತು ಎಂಬುದರಿಂದ ಅದು ನಡೆದದ್ದೇ ಎಂದು ಹೇಳಲಾಗದು.

ಆದ್ದರಿಂದ ಕೇಳಿಕೊಳ್ಳುತ್ತೇನೆ. ಅನುಮಾನ ಪಡುವುದೇ ತಪ್ಪು ಎನ್ನುವವರು, ಮನೆಯವರಿಗೆ ಹೇಳಬೇಡಿ ಎನ್ನುವವರು, ಉತ್ತರವನ್ನು ಪ್ರಶ್ನೆಯಲ್ಲೇ ಇಟ್ಟು ಕೇಳುವವರು ಸಿಕ್ಕರೆ ಎದ್ದು ಬನ್ನಿ, ದುಡ್ಡು ಹೋದರೂ ಹೋಗಲಿ. ಈಗಾಗಲೇ ಏನಾದರೂ 'ಕಂಡಿದ್ದರೆ' ಯಾರ ಮೇಲೂ ಹೊರಿಸುವ ಮುಂಚೆ ಆಗಿನ ಫೋಟೋ, ಕಾಗದಪತ್ರ, ಜೊತೆಗಿದ್ದವರ ಮಾತು ಇವುಗಳ ಜೊತೆ ತಾಳೆ ನೋಡಿ. ಮಳೆಗಾಲ ಬಂದರೆ ಇಂದಿಗೂ ಎದೆ ನಡುಗುತ್ತದೆ, ನಿದ್ದೆ ಬರುವುದಿಲ್ಲ ಎನ್ನುವವರು ಮಾನಸಿಕ ಆರೋಗ್ಯದ ಸಹಾಯವಾಣಿ ಟೆಲಿ ಮಾನಸ್ 14416ಕ್ಕೆ ಕರೆ ಮಾಡಿ. ಸರ್ಕಾರದ್ದು, ಉಚಿತ, ಕನ್ನಡದಲ್ಲಿ ಮಾತಾಡಬಹುದು. ನಾನು ಮಾಡಿದೆ.

ಹುತ್ತರಿಗೆ ದೊಡ್ಡಪ್ಪನ ಮನೆಗೆ ಹೋಗಿ ಕಾಲಿಗೆ ಬಿದ್ದೆ. ದೊಡ್ಡಮ್ಮ ತಂಬಿಟ್ಟು ಕೊಟ್ಟರು. ದೊಡ್ಡಪ್ಪ ಕೂರಿಸಿ ಮಾತಾಡಿಸಿದರು, ಕಾಫಿ ರೇಟಿನ ಬಗ್ಗೆ, ಕರಿಮೆಣಸಿನ ಬಗ್ಗೆ. ಹೊರಡುವಾಗ ಅಂಗಳದಲ್ಲಿ ಆ ಬಿಳಿ ಜೀಪು ನಿಂತಿತ್ತು. ಎಲ್ಲ ಸುಳ್ಳೆಂದು ಗೊತ್ತಿದ್ದೂ, ಸೀಟಿನ ಅಡಿಗೆ ನನ್ನ ಕಣ್ಣು ಹೋಯಿತು. ದೊಡ್ಡಪ್ಪ ಅದನ್ನು ನೋಡಿದರು.