ಕಾಲ ತಿನ್ನುವ ಮಿಡತೆಯ ಎದುರು ಅರ್ಧ ಗಂಟೆ

ಜಾಲಹಳ್ಳಿಯ ಎಚ್‌ಎಂಟಿ ಕಾರ್ಖಾನೆಯಲ್ಲಿ ನಾನು 27 ವರ್ಷ ಕೈಗಡಿಯಾರ ಜೋಡಿಸಿದ್ದೇನೆ. ಕಣ್ಣಿಗೆ ಭೂತಗನ್ನಡಿ, ಬಲಗೈಯಲ್ಲಿ ಚಿಮ್ಮಟ, ಎದುರಿಗೆ ಉಸಿರು ಬಿಟ್ಟರೂ ಅಲುಗುವ ಸ್ಪ್ರಿಂಗ್. ಒಂದು ಸೆಕೆಂಡಿಗೂ ಇನ್ನೊಂದು ಸೆಕೆಂಡಿಗೂ ವ್ಯತ್ಯಾಸ ಬಾರದಂತೆ ನೋಡಿಕೊಳ್ಳುವುದೇ ನಮ್ಮ ಅನ್ನ. ಹೀಗಿರುವಾಗ ಕೇಂಬ್ರಿಜ್‌ನಲ್ಲಿರುವ ಮಗಳು, "ಅಮ್ಮಾ, ಇಲ್ಲಿ ಬೇಕೆಂದೇ ತಪ್ಪು ಸಮಯ ತೋರಿಸುವ ಗಡಿಯಾರವೊಂದಿದೆ, ನೋಡುತ್ತೀಯಾ?" ಎಂದಾಗ ನನಗೆ ಕುತೂಹಲಕ್ಕಿಂತ ಮೊದಲು ಸಿಟ್ಟು ಬಂದಿತು. ನೋಡಿ ಬಂದ ಮೇಲೆ ಇದನ್ನು ಬರೆಯುತ್ತಿದ್ದೇನೆ.

ಗಡಿಯಾರ ಇರುವುದು ಟ್ರಂಪಿಂಗ್ಟನ್ ಬೀದಿಯೂ ಬೆನೆಟ್ ಬೀದಿಯೂ ಸೇರುವ ಮೂಲೆಯಲ್ಲಿ, ಕಾರ್ಪಸ್ ಕ್ರಿಸ್ಟಿ ಕಾಲೇಜಿನ ಗ್ರಂಥಾಲಯದ ಗೋಡೆಯಲ್ಲಿ. ಹಿಂದೆ ಅದು ಬ್ಯಾಂಕಿನ ಕಟ್ಟಡವಾಗಿತ್ತಂತೆ. ಟಿಕೆಟ್ ಇಲ್ಲ, ಬಾಗಿಲೂ ಇಲ್ಲ. ಬೀದಿಯಲ್ಲೇ ನಿಂತು ಗಾಜಿನ ಮೂಲಕ ನೋಡಬೇಕು. ಸುಮಾರು ಒಂದೂವರೆ ಮೀಟರ್ ಅಗಲದ, ಚಿನ್ನದ ಲೇಪವಿರುವ ಉಕ್ಕಿನ ತಟ್ಟೆ. ಕೆರೆಗೆ ಕಲ್ಲೆಸೆದಾಗ ಏಳುವ ಅಲೆಗಳಂತೆ ಅದರ ಮೈ. ಅಂಕಿಗಳಿಲ್ಲ, ಮುಳ್ಳುಗಳಿಲ್ಲ. ಮೂರು ಸುತ್ತುಗಳಲ್ಲಿ ಸಣ್ಣ ಸೀಳುಗಳು. ಅವುಗಳ ಹಿಂದಿನಿಂದ ನೀಲಿ ಬೆಳಕು ಹೊಳೆದು ಗಂಟೆ, ನಿಮಿಷ, ಸೆಕೆಂಡುಗಳನ್ನು ತೋರಿಸುತ್ತದೆ.

ತಟ್ಟೆಯ ನೆತ್ತಿಯ ಮೇಲೆ ಅದು ಕುಳಿತಿದೆ. ಮಿಡತೆ ಎನ್ನಬಹುದು, ಆದರೆ ನಮ್ಮ ಹೊಲದ ಮಿಡತೆಯಲ್ಲ. ಲೋಕದ ಯಾವ ಹೊಲದಲ್ಲೂ ಹುಟ್ಟಿದ್ದಲ್ಲ. ಕ್ರೊನೊಫೇಜ್ ಎಂದು ಹೆಸರು. ಗ್ರೀಕ್ ಮೂಲದ ಮಾತು, ಕಾಲಭಕ್ಷಕ ಎಂದರ್ಥ. ಗಡಿಯಾರದ ಹಲ್ಲುಚಕ್ರದ ಮೇಲೆ ಹೆಜ್ಜೆ ಇಡುತ್ತ, ದವಡೆ ತೆರೆದು ಮುಚ್ಚುತ್ತ ಇರುತ್ತದೆ. ಒಮ್ಮೊಮ್ಮೆ ಫಕ್ಕನೆ ಕಣ್ಣು ಮಿಟುಕಿಸುತ್ತದೆ. ಮೊದಲ ಸಲ ಅದನ್ನು ಕಂಡಾಗ ನನ್ನ ಕೈ ತಾನಾಗಿ ಮಗಳ ತೋಳನ್ನು ಹಿಡಿಯಿತು.

ಹೆದರಿಕೆ ಇಳಿದ ಮೇಲೆ ಕೆಲಸಗಾರ್ತಿಯ ಕಣ್ಣಿನಿಂದ ನೋಡಿದೆ. ಯಾವುದೇ ಯಾಂತ್ರಿಕ ಗಡಿಯಾರದ ಜೀವ ಇರುವುದು ಎಸ್ಕೇಪ್‌ಮೆಂಟ್‌ನಲ್ಲಿ: ಚಕ್ರದ ಒಂದೊಂದೇ ಹಲ್ಲನ್ನು ಹಿಡಿದು, ಬಿಟ್ಟು, ಮತ್ತೆ ಹಿಡಿಯುವ ಭಾಗ. ಸಾಮಾನ್ಯವಾಗಿ ಅದನ್ನು ಒಳಗೆ ಅಡಗಿಸಿಡುತ್ತಾರೆ. ನಾವು ಜೋಡಿಸಿ ಮುಚ್ಚಳ ಹಾಕಿದ ಮೇಲೆ ಕೊಂಡವರು ಅದನ್ನು ಕಾಣುವುದೇ ಇಲ್ಲ. 18ನೇ ಶತಮಾನದಲ್ಲಿ ಜಾನ್ ಹ್ಯಾರಿಸನ್ ಎಂಬ ಬಡಗಿ ಎಣ್ಣೆಯ ಹಂಗಿಲ್ಲದೆ ನಡೆಯುವ ಎಸ್ಕೇಪ್‌ಮೆಂಟ್ ಒಂದನ್ನು ರೂಪಿಸಿದ. ಅದು ಕಾಲು ಝಾಡಿಸುವ ರೀತಿ ಮಿಡತೆಯಂತಿದ್ದುದರಿಂದ ಅದಕ್ಕೆ ಮಿಡತೆಯ ಹೆಸರೇ ಬಂದಿತು. ಈ ಗಡಿಯಾರವನ್ನು ಕಲ್ಪಿಸಿದ ಜಾನ್ ಟೇಲರ್ ಆ ಹೆಸರಿಗೆ ಮೈ ಕೊಟ್ಟು, ಒಳಗಿದ್ದುದನ್ನು ಹೊರಗೆ ತಂದು ಎಲ್ಲಕ್ಕಿಂತ ಮೇಲೆ ಕೂರಿಸಿದ್ದಾರೆ. ಹಳೆಯ ಕುಶಲಕರ್ಮಿಯೊಬ್ಬನಿಗೆ ಇದಕ್ಕಿಂತ ದೊಡ್ಡ ನಮಸ್ಕಾರ ನನಗೆ ತಿಳಿಯದು. ಕೀಟಕ್ಕೆ ರೂಪ ಕೊಟ್ಟವರು ಶಿಲ್ಪಿ ಮ್ಯಾಥ್ಯೂ ಸ್ಯಾಂಡರ್ಸನ್. 2008ರ ಸೆಪ್ಟೆಂಬರ್ 19ರಂದು ಇದರ ಪರದೆ ಸರಿಸಿದವರು ಸ್ಟೀಫನ್ ಹಾಕಿಂಗ್.

ಇನ್ನು ತಪ್ಪು ಸಮಯದ ವಿಚಾರ. ಐದು ನಿಮಿಷಕ್ಕೊಮ್ಮೆ ಮಾತ್ರ ಇದು ನಿಖರವಾಗಿರುತ್ತದೆ ಎಂದು ಮಗಳು ಹೇಳಿದ್ದಳು. ಪರೀಕ್ಷಿಸದೆ ನಂಬುವ ಅಭ್ಯಾಸ ನನಗಿಲ್ಲ. ಮೊಬೈಲ್ ನೋಡಿ ನನ್ನ ಎಚ್‌ಎಂಟಿ ಜನತಾ ಕೈಗಡಿಯಾರವನ್ನು ಸೆಕೆಂಡಿಗೆ ಸರಿಯಾಗಿ ಹೊಂದಿಸಿಕೊಂಡು, ಹೆಗಲಿಗೆ ಶಾಲು ಹೊದ್ದು ಅರ್ಧ ಗಂಟೆ ನಿಂತೆ. ಲೋಲಕ ತೂಗುತ್ತಿದ್ದಂತೆ ಎಲ್ಲೋ ಸಿಕ್ಕಿಕೊಂಡಂತೆ ತಡೆಯುತ್ತದೆ. ನೀಲಿ ಬೆಳಕು ಹಿಂದೆ ಬೀಳುತ್ತದೆ, ನನ್ನ ಮುಳ್ಳು ಮುಂದೆ ಹೋಗುತ್ತದೆ. ಆಮೇಲೆ ಬೆಳಕು ಒಮ್ಮೆಲೇ ಓಡತೊಡಗುತ್ತದೆ. ಐದನೆಯ ನಿಮಿಷ ತುಂಬುವಾಗ ಎರಡೂ ಒಂದೇ ಕಡೆ ಬಂದು ನಿಂತಿರುತ್ತವೆ. ಆರು ಸಲ ನೋಡಿದೆ, ಆರು ಸಲವೂ ಕೂಡಿಬಂದವು.

ನನ್ನ ಸಿಟ್ಟು ಕರಗಿದ್ದು ಅಲ್ಲಿ. ಕೆಟ್ಟ ಗಡಿಯಾರ ತಪ್ಪುತ್ತಲೇ ಹೋಗುತ್ತದೆ. ಅದಕ್ಕೆ ಯಾರ ಶ್ರಮವೂ ಬೇಡ. ತಪ್ಪಿ, ತಪ್ಪಿದಷ್ಟನ್ನೂ ಲೆಕ್ಕವಿಟ್ಟು, ಹೇಳಿದ ಹೊತ್ತಿಗೆ ಮರಳಿ ಬರುವುದು ಸರಿಯಾಗಿ ನಡೆಯುವುದಕ್ಕಿಂತ ಕಷ್ಟದ ಕೆಲಸ. ಅದೂ ಒಳಗೆ ಕಂಪ್ಯೂಟರ್ ಇಲ್ಲದೆ. ವಿದ್ಯುತ್ ಬೇಕಿರುವುದು ಕೀ ಕೊಡುವ ಮೋಟಾರಿಗೆ, ದೀಪಗಳಿಗೆ, ಅಷ್ಟೇ. ಮಿಕ್ಕಿದ್ದೆಲ್ಲ ಲೋಹಕ್ಕೆ ಕಲಿಸಿದ ಬುದ್ಧಿ. ಇದಕ್ಕೆ ಹತ್ತು ಲಕ್ಷ ಪೌಂಡ್ ಖರ್ಚಾಯಿತೆಂದು ಕೇಳಿ ಅಳಿಯ ಹುಬ್ಬೇರಿಸಿದರು. ನನಗೆ ಹಾಗೆ ಅನ್ನಿಸಲಿಲ್ಲ. ಸುಮಾರು 200 ಜನರ ಐದು ವರ್ಷದ ದುಡಿಮೆ ಅದರಲ್ಲಿದೆ. ಅವರಲ್ಲಿ ಚಿಮ್ಮಟ ಹಿಡಿದವರೂ ಇದ್ದಿರಬೇಕು.

ನನ್ನನ್ನು ಕಲಕಿದ ಸಂಗತಿ ಇನ್ನೊಂದಿದೆ. ಗಂಟೆ ತುಂಬಿದಾಗ ಇಲ್ಲಿ ಗಂಟೆ ಬಾರಿಸುವುದಿಲ್ಲ. ಹಿಂಬದಿಯಲ್ಲಿ ಅಡಗಿಸಿಟ್ಟ ಪುಟ್ಟ ಮರದ ಶವಪೆಟ್ಟಿಗೆಯೊಳಕ್ಕೆ ಸರಪಳಿಯೊಂದು ಬೀಳುತ್ತದೆ, ಅದೇ ಸದ್ದು. ಕೆಳಗೆ ಬೈಬಲಿನ ಲ್ಯಾಟಿನ್ ಸಾಲು: ಲೋಕವೂ ಅದರ ಆಸೆಯೂ ಗತಿಸಿಹೋಗುತ್ತವೆ. ನಮ್ಮ ಯಜಮಾನರು ತೀರಿಕೊಂಡು ನಾಲ್ಕು ವರ್ಷವಾಯಿತು. ಅವರ ಎಚ್‌ಎಂಟಿ ಪೈಲಟ್ ಕೈಗಡಿಯಾರಕ್ಕೆ ಈಗಲೂ ದಿನಾ ಬೆಳಿಗ್ಗೆ ನಾನೇ ಕೀ ಕೊಡುತ್ತೇನೆ. ಇಲ್ಲಿಗೂ ಕೈಚೀಲದಲ್ಲಿ ತಂದಿದ್ದೇನೆ. ಶವಪೆಟ್ಟಿಗೆ ಬೇಡವಾಗಿತ್ತು ಎಂದು ಅಲ್ಲಿ ನಿಂತಾಗ ಅನ್ನಿಸಿತು. ಮನೆಗೆ ಬಂದು ಮಲಗಿದಾಗ, ಆ ಸರಪಳಿಯ ಸದ್ದನ್ನು ಕೇಳಲೇಬೇಕು ಎಂದೂ ಅನ್ನಿಸಿತು. ಹಗಲಿನ ಜನಜಂಗುಳಿಯಲ್ಲಿ ಗಾಜಿಗೆ ಕಿವಿಯಿಟ್ಟರೂ ನನಗೆ ಕೇಳಿಸಿರಲಿಲ್ಲ.

ಹೋಗುವವರಿಗೆ ಒಂದು ಮಾತು. ಹಾದುಹೋಗುತ್ತ ಫೋಟೋ ತೆಗೆದರೆ ಏನೂ ಕಂಡಂತಲ್ಲ. ಐದು ನಿಮಿಷದ ಒಂದು ಸುತ್ತನ್ನಾದರೂ ಪೂರ್ತಿ ನಿಂತು ನೋಡಿ. ಬಿಸಿಲಿರುವಾಗ ಗಾಜಿನಲ್ಲಿ ಎದುರಿನ ಬೀದಿಯೇ ಕಾಣುತ್ತದೆ, ಕತ್ತಲಾದ ಮೇಲೆ ನೀಲಿ ಬೆಳಕು ಚೆನ್ನಾಗಿ ಏಳುತ್ತದೆ. ಸೆಕೆಂಡಿನ ಮುಳ್ಳಿರುವ ಕೈಗಡಿಯಾರವನ್ನು ಮರೆಯಬೇಡಿ. ಐದಕ್ಕೆ ಐದು ಅಂಕ ಕೊಡುತ್ತೇನೆ.

ಶನಿವಾರ ರಾತ್ರಿ ಬೀದಿ ಖಾಲಿಯಾದ ಮೇಲೆ ಮತ್ತೆ ಕರೆದುಕೊಂಡು ಹೋಗುತ್ತೇನೆಂದು ಮಗಳು ಹೇಳಿದ್ದಾಳೆ. ಈ ಸಲ ಎರಡು ಗಡಿಯಾರಗಳನ್ನೂ ಕಟ್ಟಿಕೊಳ್ಳುತ್ತೇನೆ.