ಅರೆಕೆಟ್ಟ ಕೂಲಂಟ್ ಸೆನ್ಸರ್: ನಾಲ್ಕು ಬಗೆಯ ಪರೀಕ್ಷೆ, ನಾಲ್ಕು ಬಗೆಯ ಬದಲಿ

ಇಂಜಿನ್ನನ್ನು ತಣ್ಣಗಿಡುವ ದ್ರವವಾದ ಕೂಲಂಟಿನ ತಾಪಮಾನ ಅಳೆಯುವ ಸೆನ್ಸರ್ ಪೂರ್ತಿ ಕೆಟ್ಟರೆ ಪತ್ತೆ ಸುಲಭ. ಡ್ಯಾಶ್‌ಬೋರ್ಡಿನಲ್ಲಿ ಇಂಜಿನ್ ದೀಪ ಹೊತ್ತಿಕೊಳ್ಳುತ್ತದೆ, ಎಷ್ಟೋ ಕಾರುಗಳಲ್ಲಿ ರೇಡಿಯೇಟರ್ ಫ್ಯಾನ್ ನಿಲ್ಲದೆ ತಿರುಗತೊಡಗುತ್ತದೆ, ಯಾವ ಗ್ಯಾರೇಜಿಗೆ ಒಯ್ದರೂ ಹಿಡಿದುಕೊಡುತ್ತಾರೆ. ಜೀವ ತಿನ್ನುವುದು ಅರ್ಧ ಕೆಟ್ಟ ಸೆನ್ಸರ್. ಅದು ಹೇಳುವ ಸುಳ್ಳು ನಂಬುವಂತಿರುತ್ತದೆ. ನಿಜವಾದ ಬಿಸಿ 90 ಡಿಗ್ರಿ ಇರುವಾಗ ಅದು 58 ಎನ್ನುತ್ತದೆ. 58 ಅಸಾಧ್ಯವಾದ ಸಂಖ್ಯೆಯೇನೂ ಅಲ್ಲವಾದ್ದರಿಂದ ಎಷ್ಟೋ ಸಲ ಕಾರಿನ ಕಂಪ್ಯೂಟರಿಗೆ ಅನುಮಾನ ಬರುವುದಿಲ್ಲ, ದೀಪವೂ ಹೊತ್ತುವುದಿಲ್ಲ. ಇಂಜಿನ್ ಇನ್ನೂ ಕಾದಿಲ್ಲವೆಂದು ತಿಳಿದು ಅದು ಪೆಟ್ರೋಲನ್ನು ಹೆಚ್ಚು ಸುರಿಯುತ್ತದೆ, ಫ್ಯಾನ್ ಹಾಕಬೇಕಾದ ಹೊತ್ತಿಗೆ ಹಾಕದೆ ಕೂರುತ್ತದೆ.

ಬೆಳಗಾವಿಯಲ್ಲಿ ನಾನು ಓಡಿಸುವ 2014ರ ಪೆಟ್ರೋಲ್ ಕಾರಿಗೆ ಬಂದದ್ದು ಇದೇ ರೋಗ. ಮೈಲೇಜ್ ಇಳಿದಿತ್ತು. ಸೈಲೆನ್ಸರಿನ ಬಳಿ ಹಸಿ ಪೆಟ್ರೋಲಿನ ವಾಸನೆ. ಇಂಜಿನ್ ಕಾದಿರುವಾಗ ನಿಲ್ಲಿಸಿ ಮತ್ತೆ ಚಾಲೂ ಮಾಡಿದರೆ ಒಂದೇ ಸಲಕ್ಕೆ ಹಿಡಿಯುತ್ತಿರಲಿಲ್ಲ. ತಾಪಮಾನದ ಮುಳ್ಳು ಮೊದಲು ನಿಲ್ಲುತ್ತಿದ್ದ ಜಾಗಕ್ಕಿಂತ ಕೆಳಗೇ ನಿಲ್ಲುತ್ತಿತ್ತು. ಇದನ್ನು ಕಂಡುಹಿಡಿಯಲು ನಾಲ್ಕು ದಾರಿ ಹಿಡಿದೆ, ಬದಲಿಸುವ ಮುನ್ನ ನಾಲ್ಕು ಬಗೆಯ ಸೆನ್ಸರ್‌ಗಳನ್ನು ಹೋಲಿಸಿದೆ. ಪೆಟ್ಟಿಗೆಯ ಮೇಲೆ ಯಾರ ಹೆಸರಿದ್ದರೂ ಸರಿ, ಅಳೆಯುವ ಅನುಕೂಲ ಇದ್ದರೆ ಬಿಸಿನೀರಿನಲ್ಲಿ ಅಳೆಯದೆ ಸೆನ್ಸರ್ ಕೂರಿಸಬೇಡಿ ಎಂಬುದು ನನ್ನ ಖಚಿತ ಅಭಿಪ್ರಾಯ.

ಮೊದಲು ಡ್ಯಾಶ್‌ಬೋರ್ಡಿನ ಮುಳ್ಳು ಮತ್ತು ಅನುಭವಿ ಮಿಸ್ತ್ರಿಯ ಕೈ. ಮುಳ್ಳಿನಿಂದ ಹೆಚ್ಚು ತಿಳಿಯುವುದಿಲ್ಲ. ಬಹಳಷ್ಟು ಕಾರುಗಳಲ್ಲಿ ಅದಕ್ಕೂ ಇದೇ ಸೆನ್ಸರಿನ ಮಾಹಿತಿ ಹೋಗುತ್ತದೆ. ಅಲ್ಲದೆ ಸುಮಾರು 75ರಿಂದ 105 ಡಿಗ್ರಿಯವರೆಗೆ ಅದನ್ನು ಒಂದೇ ಕಡೆ ನಿಲ್ಲುವಂತೆ ಮಾಡಿರುವ ಕಾರುಗಳೂ ಇವೆ. ಮಿಸ್ತ್ರಿಯ ಕೈ ಹಾಗಲ್ಲ, ಅದಕ್ಕೆ ಬೆಲೆ ಇದೆ. ಉದ್ಯಮಬಾಗ ಕಡೆಯ ಗ್ಯಾರೇಜಿನ ಹಿರಿಯ ಮಿಸ್ತ್ರಿ ಕಾರನ್ನು ನೋಡಿ, "ಸಾಹೇಬರೇ, ಥರ್ಮೋಸ್ಟಾಟ್ ತೆರೆದೇ ನಿಂತಿದೆ, ಅದಕ್ಕೇ ಮುಳ್ಳು ಏರುತ್ತಿಲ್ಲ" ಎಂದರು. ಅದು ತಕ್ಕ ಅನುಮಾನವೇ. ಥರ್ಮೋಸ್ಟಾಟ್ ಎಂದರೆ ಇಂಜಿನ್ ಕಾಯುವವರೆಗೆ ಕೂಲಂಟನ್ನು ರೇಡಿಯೇಟರಿಗೆ ಬಿಡದೆ ತಡೆಯುವ ಕವಾಟ. ಅದು ತೆರೆದು ನಿಂತರೂ ಮುಳ್ಳು ಏರುವುದಿಲ್ಲ, ಮೈಲೇಜ್ ಇಳಿಯುತ್ತದೆ. "ಕಾಕಾ, ತಣ್ಣಗಿನ ಇಂಜಿನ್ ಚಾಲೂ ಮಾಡುತ್ತೇನೆ, ರೇಡಿಯೇಟರಿನ ಮೇಲಿನ ಹೋಸ್ ಹಿಡಿದು ನೋಡಿ" ಎಂದು ಕೇಳಿಕೊಂಡೆ. ಹೋಸ್ ಬಹಳ ಹೊತ್ತು ತಣ್ಣಗೇ ಇತ್ತು, ಆಮೇಲೆ ಇದ್ದಕ್ಕಿದ್ದಂತೆ ಕೈ ಸುಡುವಷ್ಟು ಕಾಯಿತು. ಥರ್ಮೋಸ್ಟಾಟ್ ಮುಚ್ಚಿಕೊಂಡಿದ್ದು, ಸುಮಾರು 82 ಡಿಗ್ರಿಗೆ ತೆರೆದುಕೊಂಡರೆ ಮಾತ್ರ ಹೀಗಾಗುತ್ತದೆ. ತೆರೆದೇ ನಿಂತಿದ್ದರೆ ಹೋಸ್ ಮೊದಲಿನಿಂದಲೇ ನಿಧಾನವಾಗಿ ಬೆಚ್ಚಗಾಗುತ್ತಿತ್ತು. ಕಾಕಾ ತಾವೇ ತಲೆಯಾಡಿಸಿ, "ಹಾಗಾದರೆ ಸೆನ್ಸರ್ ನೋಡಬೇಕು" ಎಂದರು. ಒಂದು ರೂಪಾಯಿ ಖರ್ಚಿಲ್ಲದ ಈ ಪರೀಕ್ಷೆಯನ್ನು ಯಾರೂ ಬಿಡಬಾರದು. ಆದರೆ ಎಷ್ಟು ಡಿಗ್ರಿ ತಪ್ಪಾಗಿದೆ ಎಂಬುದು ಕೈಗೆ ತಿಳಿಯುವುದಿಲ್ಲ.

ಎರಡನೆಯದು ಬ್ಲೂಟೂತ್ ಸ್ಕ್ಯಾನರ್. ಸ್ಟಿಯರಿಂಗ್ ಕೆಳಗಿನ ಸಾಕೆಟ್‌ಗೆ ಚುಚ್ಚಿ ಮೊಬೈಲಿನಲ್ಲಿ ಓದುವ ಈ ಪುಟ್ಟ ಸಾಧನ ಸಾವಿರ ರೂಪಾಯಿಯ ಒಳಗೇ ಸಿಗುತ್ತದೆ. ಕಾರೇ ತನ್ನ ದೋಷ ಗುರುತಿಸಿ ಕೋಡ್ ಕೊಡುವ ಓಬಿಡಿ-2 ವ್ಯವಸ್ಥೆ ನಮ್ಮ ದೇಶದಲ್ಲಿ ಕಡ್ಡಾಯವಾದದ್ದು 2013ರ ಏಪ್ರಿಲ್‌ನಿಂದ. ಆಮೇಲಿನ ಪೆಟ್ರೋಲ್ ಕಾರುಗಳಲ್ಲೆಲ್ಲ ಇದು ಕೆಲಸ ಮಾಡಬೇಕು. ಪಿ0117 ಬಂದರೆ ಸೆನ್ಸರಿನ ಸಂಕೇತ ತೀರಾ ಕಡಿಮೆ, ಎಂದರೆ ಶಾರ್ಟ್. ಪಿ0118 ಬಂದರೆ ತೀರಾ ಹೆಚ್ಚು, ಎಂದರೆ ಎಲ್ಲೋ ತಂತಿ ಕಡಿದಿದೆ ಅಥವಾ ಪ್ಲಗ್ ಬಿಚ್ಚಿದೆ. ಪಿ0128 ಬಂದರೆ ಥರ್ಮೋಸ್ಟಾಟ್ ಕಡೆಗೆ ಬೊಟ್ಟು. ನನ್ನ ಕಾರಿನಲ್ಲಿ ಒಂದು ಕೋಡೂ ಇರಲಿಲ್ಲ.

ಸ್ಕ್ಯಾನರ್ ಇರುವವರಿಗೆ ಎಲ್ಲರೂ ಹೇಳುವ ಪರೀಕ್ಷೆ ಒಂದಿದೆ. ರಾತ್ರಿಯಿಡೀ ನಿಂತ ಕಾರಿನಲ್ಲಿ, ಬೆಳಿಗ್ಗೆ ಇಂಜಿನ್ ಚಾಲೂ ಮಾಡದೆ, ಕೂಲಂಟಿನ ತಾಪಮಾನವನ್ನೂ ಒಳಸೇರುವ ಗಾಳಿಯ ತಾಪಮಾನವನ್ನೂ ಹೋಲಿಸಬೇಕು. ಎರಡೂ ಹೆಚ್ಚುಕಡಿಮೆ ಒಂದೇ ಇರಬೇಕು. ಬೆಳಗಾವಿಯ ಚಳಿಗಾಲದ ಮುಂಜಾವಿನಲ್ಲಿ ನನಗೆ ಸಿಕ್ಕಿದ್ದು ಗಾಳಿ 16, ಕೂಲಂಟ್ 13. ಮೂರು ಡಿಗ್ರಿಯ ಅಂತರವನ್ನು ಯಾರಾದರೂ ಸರಿ ಎಂದೇ ಬಿಡುತ್ತಾರೆ. ಅದೇ ಕಾರು ಪೂರ್ತಿ ಕಾದ ಮೇಲೆ ಸ್ಕ್ಯಾನರಿನಲ್ಲಿ 58. ಇಷ್ಟು ವ್ಯತ್ಯಾಸ ಏಕೆಂದರೆ, ಸೆನ್ಸರಿನೊಳಗೆ ತಾಪಮಾನ ಅರಿಯುವ ಥರ್ಮಿಸ್ಟರ್ ಎಂಬ ಭಾಗದ ವಿದ್ಯುತ್ ರೋಧ ಬಿಸಿ ಏರಿದಂತೆ ಇಳಿಯುತ್ತದೆ. ಬಹಳಷ್ಟು ಪೆಟ್ರೋಲ್ ಕಾರುಗಳ ಸೆನ್ಸರಿನಲ್ಲಿ ಅದು 20 ಡಿಗ್ರಿಗೆ ಸುಮಾರು 2500 ಓಮ್, 40ಕ್ಕೆ 1175, 60ಕ್ಕೆ 596, 80ಕ್ಕೆ 323, 100ಕ್ಕೆ 187. ಇದಕ್ಕೆ 400 ಓಮ್‌ನಷ್ಟು ಹೆಚ್ಚುವರಿ ರೋಧ ಸೇರಿಕೊಂಡಿತು ಎನ್ನಿ. ಚಳಿಯಲ್ಲಿ 2900 ಇರಬೇಕಾದದ್ದು 3300 ಆದರೆ ಲೆಕ್ಕಕ್ಕೇ ಬರುವುದಿಲ್ಲ. ಬಿಸಿಯಲ್ಲಿ 243 ಇರಬೇಕಾದದ್ದು 643 ಆದರೆ ಮೂವತ್ತು ಡಿಗ್ರಿಗೂ ಮೀರಿದ ತಪ್ಪು. ಹೀಗಾಗಿ ಮುಂಜಾವಿನ ಪರೀಕ್ಷೆಯಲ್ಲಿ ಪಾಸಾದ ಸೆನ್ಸರನ್ನು ಬಿಸಿ ಇಂಜಿನ್ನಿನಲ್ಲೂ ನೋಡಿದ ಮೇಲೆಯೇ ತೀರ್ಮಾನಿಸಬೇಕು.

ಬಿಸಿ ಇಂಜಿನ್ನಿನ ನಿಜವಾದ ಬಿಸಿ ಎಷ್ಟು ಎಂದು ತಿಳಿಯಲು ಮೂರನೆಯ ಸಾಧನ ಬೇಕಾಯಿತು, ಇನ್ಫ್ರಾರೆಡ್ ಗನ್. ಗುರಿಯಿಟ್ಟು ಒತ್ತಿದರೆ ಮೇಲ್ಮೈಯ ತಾಪಮಾನ ತೋರಿಸುತ್ತದೆ. ಆದರೆ ಥರ್ಮೋಸ್ಟಾಟ್ ಹೌಸಿಂಗ್ ಹೊಳೆಯುವ ಅಲ್ಯೂಮಿನಿಯಂ ಆದ್ದರಿಂದ ನೇರವಾಗಿ ಗುರಿಯಿಟ್ಟರೆ ನಿಜಕ್ಕಿಂತ ಬಹಳ ಕಡಿಮೆ ತೋರಿಸುತ್ತದೆ. ಇಂಜಿನ್ ತಣ್ಣಗಿರುವಾಗ ಅಲ್ಲಿ ಒಂದು ತುಂಡು ಕಪ್ಪು ಇನ್ಸುಲೇಷನ್ ಟೇಪ್ ಅಂಟಿಸಿ, ಕಾದ ಮೇಲೆ ಆ ಟೇಪಿಗೇ ಗುರಿಯಿಟ್ಟು ಅಳೆಯಬೇಕು. ಹಾಗೆ ಅಳೆದಾಗ 88 ಬಂತು. ಸ್ಕ್ಯಾನರ್ ಆಗಲೂ 58 ಎನ್ನುತ್ತಿತ್ತು. ಗನ್ ಒಂದನ್ನೇ ನಂಬಿ ನಾನು ಯಾವ ಭಾಗವನ್ನೂ ಕೊಳ್ಳುವುದಿಲ್ಲ, ಆದರೆ ಸ್ಕ್ಯಾನರಿಗೆ ಎದುರುಸಾಕ್ಷಿಯಾಗಿ ಅದು ಒಳ್ಳೆಯದು.

ಇಷ್ಟಾದರೂ ತಪ್ಪು ಸೆನ್ಸರಿನದೋ, ವೈರಿಂಗಿನದೋ ಎಂಬ ಪ್ರಶ್ನೆ ಉಳಿಯುತ್ತದೆ. ಕನೆಕ್ಟರಿನಲ್ಲಿ ಹಸಿರು ಕಿಲುಬು ಹಿಡಿದರೂ ಇದೇ ಹೆಚ್ಚುವರಿ ರೋಧ ಸೇರಿಕೊಳ್ಳುತ್ತದೆ. ಎಷ್ಟೋ ಜನ ಹೊಸ ಸೆನ್ಸರ್ ಹಾಕಿಸಿಯೂ ಹಳೆಯ ರೋಗದಲ್ಲೇ ಒದ್ದಾಡುವುದು ಇದರಿಂದಲೇ. ಇದನ್ನು ಬಿಡಿಸುವ ಉಪಾಯ ಸರಳ. ಪ್ಲಗ್ ಬಿಚ್ಚಿ, ಇಗ್ನಿಷನ್ ಆನ್ ಮಾಡಿದರೆ ಸ್ಕ್ಯಾನರಿನಲ್ಲಿ ಮೈನಸ್ 40 ಅಥವಾ ಅದರ ಹತ್ತಿರದ ಸಂಖ್ಯೆ ಬರಬೇಕು. ಪ್ಲಗ್ಗಿನ ಎರಡು ಪಿನ್‌ಗಳನ್ನು ಒಂದು ತುಂಡು ತಂತಿಯಿಂದ ಸೇರಿಸಿದರೆ ಸಂಖ್ಯೆ 130ನ್ನೂ ದಾಟಬೇಕು. ವೈರಿಂಗಿನಲ್ಲಿ 400 ಓಮ್ ಅಡ್ಡಿ ಇದ್ದರೆ ಅದು 73ರ ಆಸುಪಾಸಿನಲ್ಲೇ ನಿಂತುಬಿಡುತ್ತದೆ. ನನ್ನ ಕಾರಿನಲ್ಲಿ ಅದು ತುದಿಗೆ ಹೋಯಿತು, ವೈರಿಂಗ್ ಚೊಕ್ಕಟವಾಗಿತ್ತು. ಎರಡೇ ಪಿನ್ ಇರುವ ಸೆನ್ಸರಿಗೆ ಈ ಮಾತು. ಮೂರು ಪಿನ್ ಇದ್ದರೆ ವೈರಿಂಗ್ ನಕ್ಷೆ ನೋಡದೆ ಸೇರಿಸಬಾರದು.

ನಾಲ್ಕನೆಯದು ಮಲ್ಟಿಮೀಟರ್ ಮತ್ತು ಬಿಸಿನೀರು. ನನ್ನ ಪಾಲಿಗೆ ಉಳಿದ ಮೂರನ್ನೂ ಮೀರಿಸಿದ್ದು ಇದೇ. ಸ್ಟೀಲ್ ಪಾತ್ರೆಯಲ್ಲಿ ನೀರು, ಉದ್ದನೆಯ ಗಾಜಿನ ಥರ್ಮಾಮೀಟರ್, ಸೆನ್ಸರಿನ ಪಿನ್‌ಗಳಿಗೆ ಕ್ಲಿಪ್ ಹಾಕಿದ ಎರಡು ತಂತಿ. ಹಿತ್ತಾಳೆಯ ತುದಿ ಮಾತ್ರ ಮುಳುಗಬೇಕು, ಪಿನ್ ಒದ್ದೆಯಾಗಬಾರದು. ಸೆನ್ಸರ್ ಪಾತ್ರೆಯ ತಳಕ್ಕೆ ತಾಗಬಾರದು, ತಳ ನೀರಿಗಿಂತ ಬಿಸಿ ಇರುತ್ತದೆ. ನಾನು ಪಾತ್ರೆಯ ಮೇಲೆ ಅಡ್ಡಲಾಗಿ ಒಂದು ಕಡ್ಡಿಯಿಟ್ಟು ತೂಗುಹಾಕಿದೆ, ನೀರನ್ನು ಕದಡುತ್ತಲೇ ಇದ್ದೆ. ಗಮನಿಸಬೇಕಾದ ಇನ್ನೊಂದು ವಿಷಯ, ಬೆಳಗಾವಿ ಸಮುದ್ರಮಟ್ಟದಿಂದ ಸುಮಾರು 750 ಮೀಟರ್ ಎತ್ತರದಲ್ಲಿದೆ. ಇಲ್ಲಿ ನೀರು ಕುದಿಯುವುದು ಸುಮಾರು 97.5 ಡಿಗ್ರಿಗೆ. ಕುದಿಯುವ ನೀರೆಂದರೆ 100 ಎಂದು ಹಿಡಿದು 187 ಓಮ್ ನಿರೀಕ್ಷಿಸಿದರೆ ಒಳ್ಳೆಯ ಸೆನ್ಸರೂ ಕೆಟ್ಟದ್ದೆಂದು ಕಂಡೀತು. ಥರ್ಮಾಮೀಟರ್ ಅದಕ್ಕೇ ಬೇಕು. ನನ್ನ ಹಳೆಯ ಸೆನ್ಸರ್ 90 ಡಿಗ್ರಿಯಲ್ಲಿ 640 ಓಮ್ ತೋರಿಸಿತು. ಅಲ್ಲಿಗೆ ವಾದ ಮುಗಿಯಿತು.

ಇನ್ನು ಬದಲಿ ಸೆನ್ಸರ್‌ಗಳು. ನನ್ನ ಕೈಗೆ ಬಂದವು ಹೀಗಿವೆ: ಕಾರಿನ ಕಂಪನಿಯ ಪೆಟ್ಟಿಗೆಯಲ್ಲಿ ಬರುವ ಒರಿಜಿನಲ್, ಕಾರು ಕಂಪನಿಗಳಿಗೇ ಭಾಗಗಳನ್ನು ಪೂರೈಸುವ ತಯಾರಕರ ಸ್ವಂತ ಪೆಟ್ಟಿಗೆಯದು, ಹೆಸರಿಲ್ಲದ ಪಾಲಿಥಿನ್ ಚೀಲದ್ದು, ಮತ್ತು ಗುಜರಿಗೆ ಬಂದ ಅದೇ ಮಾದರಿಯ ಕಾರಿನಿಂದ ಬಿಚ್ಚಿದ್ದು. ಬೆಲೆಯಲ್ಲಿ ಒರಿಜಿನಲ್ ಎಲ್ಲಕ್ಕಿಂತ ಮೇಲೆ, ಪೂರೈಕೆದಾರರದು ಅದರ ಮುಕ್ಕಾಲು ಪಾಲು, ಉಳಿದೆರಡು ಕೇಳುವವರ ಚೌಕಾಸಿಯ ಮೇಲೆ.

ನಲ್ಲಿಯ ತಣ್ಣೀರಿನಲ್ಲಿ ನಾಲ್ಕೂ ಒಂದೇ. 28 ಡಿಗ್ರಿಯಲ್ಲಿ ಎಲ್ಲವೂ ಸುಮಾರು 1800 ಓಮ್. ಅಂಗಡಿಯ ಕಟ್ಟೆಯ ಮೇಲೆ ಮೀಟರ್ ಹಚ್ಚಿ "ನೋಡಿ, ಸರಿಯಾಗಿದೆ" ಎಂದು ತೋರಿಸುವುದು ಈ ಸಂಖ್ಯೆಯನ್ನೇ. ನೀರು 90ಕ್ಕೆ ಬಂದಾಗ ಒರಿಜಿನಲ್ 243ರ ಹತ್ತಿರ, ಪೂರೈಕೆದಾರರದು ಅದಕ್ಕೆ ಒಂದೆರಡು ಓಮ್ ಆಚೀಚೆ. ಚೀಲದ ಸೆನ್ಸರ್ 310ರಲ್ಲಿ ನಿಂತಿತು. ಕಂಪ್ಯೂಟರಿಗೆ ಅದು ಸುಮಾರು 81 ಡಿಗ್ರಿ. 98ಕ್ಕೆ ಫ್ಯಾನ್ ಹಾಕುವ ಕಾರಿನಲ್ಲಿ ಇದನ್ನು ಕೂರಿಸಿದರೆ ಫ್ಯಾನ್ ತಿರುಗುವುದು ನಿಜವಾದ ಬಿಸಿ ಸುಮಾರು 107 ಮುಟ್ಟಿದಾಗ. ರೇಡಿಯೇಟರಿನ ಒತ್ತಡದ ಮುಚ್ಚಳ ಗಟ್ಟಿಯಾಗಿದ್ದರೆ ಕೂಲಂಟ್ ಆಗಲೂ ಕುದಿಯಲಿಕ್ಕಿಲ್ಲ. ಮುಚ್ಚಳ ಸಡಿಲವಾಗಿ, ಎಸಿ ಆರಿಸಿಕೊಂಡು, ತುಂಬಿದ ಕಾರಿನಲ್ಲಿ ಚೋರ್ಲಾ ಘಾಟ್ ಏರುವವರ ಗತಿಯನ್ನು ನೆನೆದರೆ ನನಗೆ ಸಿಟ್ಟೇ ಬರುತ್ತದೆ. ಕೆಲವು ನೂರು ರೂಪಾಯಿ ಉಳಿಸಲು ಹೋಗಿ ಹೆಡ್ ಗ್ಯಾಸ್ಕೆಟ್ (ಇಂಜಿನ್ ಬ್ಲಾಕಿಗೂ ಹೆಡ್ಡಿಗೂ ನಡುವಿನ ಸೀಲ್) ಸುಟ್ಟುಕೊಳ್ಳುವ ಈ ಮಾಲನ್ನು ಯಾರೂ ಮಾರಬಾರದು, ಯಾರೂ ಕೊಳ್ಳಬಾರದು.

ಗುಜರಿಯ ಸೆನ್ಸರ್ ಬೇರೆ ಪಾಠ ಕಲಿಸಿತು. ಅದರ ಓಮ್ ಲೆಕ್ಕ ಸರಿಯಾಗಿಯೇ ಇತ್ತು. ಆದರೆ ತುದಿಯ ಮೇಲೆ ಕೂಲಂಟ್ ಬದಲು ಬರೀ ಬೋರ್ ನೀರು ಹಾಕಿದ ಇಂಜಿನ್ನಿನ ಬಿಳಿ ಸುಣ್ಣದ ಪದರ ಗಟ್ಟಿಯಾಗಿ ಕೂತಿತ್ತು. ತಣ್ಣೀರಿನಿಂದ ತೆಗೆದು ಬಿಸಿನೀರಿಗೆ ಅದ್ದಿದಾಗ ಹೊಸವು ಬೇಗ ಸ್ಥಿರವಾದವು, ಇದರ ಸಂಖ್ಯೆ ಮಾತ್ರ ನಿಧಾನವಾಗಿ ಇಳಿಯುತ್ತಲೇ ಇತ್ತು. ಪ್ಲಗ್ ಹಿಡಿದಿಡುವ ಪ್ಲಾಸ್ಟಿಕ್ ಕೊಂಡಿಯೂ ಬಿರುಕುಬಿಟ್ಟಿತ್ತು. ಇಡೀ ಊರಿನಲ್ಲಿ ಬೇರೆ ಸಿಗದಿದ್ದರೆ ನಾಲ್ಕು ದಿನದ ಮಟ್ಟಿಗೆ ಸಾಕು.

ಉಳಿದ ಎರಡರಲ್ಲಿ ನಾನು ಕೂರಿಸಿದ್ದು ಪೂರೈಕೆದಾರರ ಸೆನ್ಸರ್. ಅಳತೆಯಲ್ಲಿ ವ್ಯತ್ಯಾಸ ಕಾಣದಾಗ ಹೆಚ್ಚು ಹಣ ಕೊಡಲು ಕಾರಣವಿಲ್ಲ. ಒರಿಜಿನಲ್ ಜೊತೆ ಹೊಸ ವಾಷರ್ ಬಂದಿತ್ತು, ಇದರ ಜೊತೆ ಇರಲಿಲ್ಲ, ಬೇರೆ ಕೊಳ್ಳಬೇಕಾಯಿತು. ಮನೆಯಲ್ಲಿ ಅಳೆಯುವ ಅನುಕೂಲ ಇಲ್ಲದವರು ಅಧಿಕೃತ ಕೌಂಟರಿನಿಂದ ಒರಿಜಿನಲ್ಲನ್ನೇ ತರಲಿ. ಪೂರೈಕೆದಾರರ ಹೆಸರಿನಲ್ಲಿ ನಕಲಿ ಪೆಟ್ಟಿಗೆಗಳೂ ಓಡಾಡುತ್ತವೆ.

ಬದಲಿಸುವ ಕೆಲಸದಲ್ಲಿ ದೊಡ್ಡ ವಿದ್ಯೆಯೇನಿಲ್ಲ. ಇಂಜಿನ್ ಪೂರ್ತಿ ತಣ್ಣಗಾಗಿರಲೇಬೇಕು. ಬಿಸಿಯಿರುವಾಗ ರೇಡಿಯೇಟರ್ ಮುಚ್ಚಳ ಬಿಚ್ಚಿದರೆ ಮುಖ ಸುಡುತ್ತದೆ. ಮುಚ್ಚಳ ತೆಗೆದು ಒತ್ತಡ ಬಿಡಿಸಿ ಮತ್ತೆ ಹಾಕಿ, ಹೊಸ ಸೆನ್ಸರನ್ನು ಕೈಯಲ್ಲೇ ಹಿಡಿದುಕೊಂಡು ಹಳೆಯದನ್ನು ಬಿಚ್ಚಿದರೆ ಒಂದು ಲೋಟಕ್ಕಿಂತ ಹೆಚ್ಚು ಕೂಲಂಟ್ ಚೆಲ್ಲುವುದಿಲ್ಲ. ನನ್ನ ಕಾರಿನಲ್ಲಿ 19ರ ಪಾನಾ ಸಾಕಾಯಿತು. ಮೊದಲ ಸುತ್ತುಗಳನ್ನು ಕೈಯಿಂದಲೇ ತಿರುಗಿಸಬೇಕು, ಅಲ್ಯೂಮಿನಿಯಂನಲ್ಲಿ ಕೊರೆದ ತಿರುಪಿನ ಸುತ್ತು (ಥ್ರೆಡ್) ಹಾಳಾದರೆ ಹೌಸಿಂಗೇ ಬದಲಿಸಬೇಕಾದೀತು. ಚೆಲ್ಲಿದ ಕೂಲಂಟನ್ನು ಹಾಗೇ ಬಿಡಬೇಡಿ. ಅದರಲ್ಲಿನ ಎಥಿಲೀನ್ ಗ್ಲೈಕಾಲ್ ಸಿಹಿಯಾಗಿರುತ್ತದೆ, ನೆಕ್ಕಿದ ಬೀದಿನಾಯಿ ಬೆಕ್ಕುಗಳು ಸಾಯುತ್ತವೆ.

ಗ್ಯಾರೇಜುಗಳಲ್ಲಿ ಅವಸರದಲ್ಲಿ ಬಿಟ್ಟುಬಿಡುವುದು ಗಾಳಿ ತೆಗೆಯುವ ಕೆಲಸ. ಸೆನ್ಸರಿನ ತುದಿಯಲ್ಲಿ ಗಾಳಿಗುಳ್ಳೆ ಕೂತರೆ ಹೊಸ ಸೆನ್ಸರೂ ತಪ್ಪು ಹೇಳುತ್ತದೆ. ತಣ್ಣಗಿನ ಇಂಜಿನ್ನಿನಲ್ಲಿ ಮುಚ್ಚಳ ತೆಗೆದೇ ಇಟ್ಟು, ಹೀಟರನ್ನು ಪೂರ್ತಿ ಬಿಸಿಗೆ ತಿರುಗಿಸಿ ಚಾಲೂ ಮಾಡಿ, ಗುಳ್ಳೆ ಬರುವುದು ನಿಲ್ಲುವವರೆಗೆ ಅದೇ ಜಾತಿಯ ಕೂಲಂಟನ್ನು ತುಂಬುತ್ತಿರಬೇಕು. ಮಟ್ಟ ಉಕ್ಕತೊಡಗುವ ಮುನ್ನ ಮುಚ್ಚಳ ಹಾಕಿ, ಫ್ಯಾನ್ ಹತ್ತಿ ಆರುವವರೆಗೂ ಕಾಯಬೇಕು. ನನ್ನ ಕಾರಿನಲ್ಲಿ ಸ್ಕ್ಯಾನರ್ 97 ತೋರಿಸಿದಾಗ ಫ್ಯಾನ್ ಹತ್ತಿತು, ಟೇಪಿನ ಮೇಲೆ ಗನ್ 94 ತೋರಿಸಿತು. ಮೈನಸ್ ಹದಿನಾಲ್ಕರ ಸುತ್ತ ನಿಂತಿದ್ದ ಇಂಧನ ತಿದ್ದುಪಡಿಯ ಸಂಖ್ಯೆ (ಕಂಪ್ಯೂಟರ್ ಪೆಟ್ರೋಲನ್ನು ಶೇಕಡಾ ಎಷ್ಟು ಹೆಚ್ಚುಕಡಿಮೆ ಮಾಡುತ್ತಿದೆ ಎಂಬುದು) ಕೆಲವು ದಿನಗಳ ಓಡಾಟದಲ್ಲಿ ಸೊನ್ನೆಯ ಹತ್ತಿರಕ್ಕೆ ಬಂತು. ಮೊದಲ ವಾರ ಪ್ರತಿ ಬೆಳಿಗ್ಗೆ ರಿಸರ್ವ್ ಡಬ್ಬಿಯ ಮಟ್ಟ ನೋಡಿ, ವಾಷರಿನ ಸುತ್ತ ಬೆರಳಾಡಿಸಿ. ಅಲ್ಲಿ ಜಿನುಗು ಕಂಡರೆ ಸೆನ್ಸರನ್ನು ಇನ್ನಷ್ಟು ಬಿಗಿಯುವ ಬದಲು ವಾಷರನ್ನೇ ಬದಲಿಸಿ.