ಡಿವಿಆರ್‌ನಲ್ಲಿ ಅಳಿಸಿಹೋದ ವಿಡಿಯೋ: ನಾನು ನೋಡಿದ ಮೂರು ದಾರಿ

ಬ್ಯಾಡಗಿಯಲ್ಲಿ ನಮ್ಮದು ಮೆಣಸಿನಕಾಯಿ ದಲಾಲಿ ಅಂಗಡಿ. ಹೋದ ಸೀಸನ್‌ನಲ್ಲಿ ಒಬ್ಬ ರೈತರ ಎರಡು ಚೀಲ ಲೆಕ್ಕಕ್ಕೆ ಸಿಗಲಿಲ್ಲ. ಕ್ಯಾಮೆರಾ ನೋಡೋಣ ಅಂತ ತಮ್ಮ ಮೆನು ಒತ್ತುತ್ತಾ ಹೋಗಿ ಡಿಸ್ಕನ್ನೇ ಫಾರ್ಮ್ಯಾಟ್ ಮಾಡಿಬಿಟ್ಟ. ನಾನು ತಕ್ಷಣ ಡಿವಿಆರ್ (ಕ್ಯಾಮೆರಾ ವಿಡಿಯೋ ಉಳಿಸಿಡುವ ಪೆಟ್ಟಿಗೆ) ವೈರ್ ಕಿತ್ತೆ. ಅದು ಆನ್ ಇದ್ದರೆ ಹೊಸ ರೆಕಾರ್ಡಿಂಗ್ ಹಳೆಯದರ ಮೇಲೆ ಕೂರುತ್ತದೆ, ಆಮೇಲೆ ಯಾರಿಗೂ ತೆಗೆಯಲು ಬರುವುದಿಲ್ಲ.

ಪಕ್ಕದ ಅಂಗಡಿ ಹುಡುಗ ಪೆನ್‌ಡ್ರೈವ್ ಹಿಡಿದು ಬಂದ. "ಅಣ್ಣಾರ, ಕ್ರ್ಯಾಕ್ ಐತ್ರಿ, ರೊಕ್ಕ ಬ್ಯಾಡ." ಕ್ರ್ಯಾಕ್ ಅಂದರೆ ದುಡ್ಡಿನ ಸಾಫ್ಟ್‌ವೇರಿನ ಬೀಗ ಮುರಿದ ಕಳ್ಳ ಪ್ರತಿ. ಬೇಡಪ್ಪಾ ಅಂದೆ. ಫೈಲುಗಳಿಗೆ ಬೀಗ ಹಾಕಿ ದುಡ್ಡು ಕೇಳುವ 'ಸ್ಟಾಪ್' ಅನ್ನುವ ರ‍್ಯಾನ್ಸಮ್‌ವೇರ್ ಜಾಸ್ತಿ ಹರಡಿದ್ದೇ ಇಂಥ ಕ್ರ್ಯಾಕ್‌ಗಳಿಂದ. ನಮ್ಮ ಅಂಗಡಿ ಕಂಪ್ಯೂಟರಿನಲ್ಲೇ ರೈತರ ಲೆಕ್ಕವೆಲ್ಲ ಇದೆ.

ಡಿಸ್ಕ್ ಬಿಚ್ಚಿದಾಗ ಮೇಲೆಲ್ಲ ಕೆಂಪು ಮೆಣಸಿನ ಧೂಳು. ಒರೆಸಿ ಕಂಪ್ಯೂಟರಿಗೆ ಹಚ್ಚಿದರೆ ವಿಂಡೋಸ್ 'ಫಾರ್ಮ್ಯಾಟ್ ಮಾಡಲೇ?' ಅಂತ ಕೇಳುತ್ತದೆ. ಹೂಂ ಅನ್ನಲೇಬಾರದು. ನಾನು ಲಿನಕ್ಸ್‌ನಲ್ಲಿ ಡಿಸ್ಕನ್ನು ಇದ್ದ ಹಾಗೇ ಕಾಪಿ ಮಾಡುವ ಡಿಡಿರೆಸ್ಕ್ಯೂ ಹಾಕಿ, 1 ಟಿಬಿಯನ್ನು ಇನ್ನೊಂದು ದೊಡ್ಡ ಡಿಸ್ಕಿಗೆ ರಾತ್ರಿಯಿಡೀ ಕಾಪಿ ಮಾಡಿದೆ. ಮೂಲ ಡಿಸ್ಕನ್ನು ಕವರಿನಲ್ಲಿಟ್ಟೆ. ಮುಂದಿನ ಪ್ರಯೋಗವೆಲ್ಲ ಕಾಪಿಯ ಮೇಲೆ.

ಮೊದಲು ಫೋಟೋರೆಕ್, ಅಳಿಸಿದ ಫೈಲು ಹುಡುಕಿ ತೆಗೆಯುವ ಸಾಫ್ಟ್‌ವೇರ್. ಪುಕ್ಕಟೆ, ಓಪನ್ ಸೋರ್ಸ್. ಮನೆ ಕ್ಯಾಮೆರಾದ ಮೆಮೊರಿ ಕಾರ್ಡಿನಲ್ಲಿ ಅಳಿಸಿದ್ದನ್ನು ಹಿಂದೊಮ್ಮೆ ಚೆನ್ನಾಗಿ ತೆಗೆದುಕೊಟ್ಟಿತ್ತು. ಡಿವಿಆರ್ ಡಿಸ್ಕಿಗೆ ಮಾತ್ರ ಸಾಲದು. ಎಷ್ಟೋ ಡಿವಿಆರ್‌ಗಳು ಕಂಪನಿಯದೇ ಆದ ರೀತಿಯಲ್ಲಿ ಬರೆಯುತ್ತವೆ. ಸಿಕ್ಕಿದ್ದು ಬರೀ ತುಂಡುಗಳು. ಯಾವ ಕ್ಯಾಮೆರಾ, ಎಷ್ಟು ಗಂಟೆ, ಒಂದೂ ಗೊತ್ತಾಗಲಿಲ್ಲ.

ಎರಡನೆಯದು, ಡಿವಿಆರ್‌ಗೆಂದೇ ಇರುವ ಸಾಫ್ಟ್‌ವೇರಿನ ಟ್ರಯಲ್. ಕಂಪನಿಯ ಸ್ವಂತ ವೆಬ್‌ಸೈಟಿನಿಂದಲೇ ಇಳಿಸಿಕೊಂಡೆ. ತಾರೀಖು, ಕ್ಯಾಮೆರಾ ಸಮೇತ ಪಟ್ಟಿ ಬಂತು. ವಿಡಿಯೋ ಇದೆಯೋ ಇಲ್ಲವೋ ಅಂತ ಕಣ್ಣಾರೆ ನೋಡಿ ಆಮೇಲೆ ದುಡ್ಡು ಕಟ್ಟಿದೆ. ನನ್ನ ಕೇಳಿದರೆ ಇದೇ ಸರಿ.

ಮೂರನೆಯದು ಡಿಸ್ಕಿನಲ್ಲಿ ಅಳಿಸಿಹೋದದ್ದನ್ನು ತೆಗೆದುಕೊಡುವ ಲ್ಯಾಬ್. ಬೆಂಗಳೂರಿಗೆ ಫೋನ್ ಮಾಡಿ ವಿಚಾರಿಸಿದೆ ಅಷ್ಟೇ, ದುಬಾರಿ. ಆದರೆ ಡಿಸ್ಕ್ ಟಕ್ ಟಕ್ ಅನ್ನುತ್ತಿದ್ದರೆ ಸುಮ್ನೆ ಆಫ್ ಮಾಡಿ ಅಲ್ಲಿಗೇ ಕೊಡಿ. ಕೇಸು ಕೋರ್ಟಿಗೆ ಹೋಗುವ ಹಾಗಿದ್ದರೂ ತಿಳಿದವರ ಕೈಗೇ ಕೊಡುವುದು ಒಳ್ಳೇದು. ಭಾರತೀಯ ಸಾಕ್ಷ್ಯ ಅಧಿನಿಯಮ 2023ರ 63ನೇ ಕಲಂ ಪ್ರಕಾರ ವಿಡಿಯೋ ಜೊತೆ ಹ್ಯಾಶ್ (ಫೈಲು ಬದಲಾಗಿಲ್ಲ ಅಂತ ತೋರಿಸುವ ಅಂಕಿ-ಅಕ್ಷರದ ಗುರುತು) ನಮೂದಿಸಿದ ಪ್ರಮಾಣಪತ್ರ ಬೇಕು.

ನಮ್ಮ ವಿಡಿಯೋದಲ್ಲಿ ಎರಡೂ ಚೀಲ ಕಂಡವು. ಹಮಾಲರು ಇಳಿಸುವಾಗ ಪಕ್ಕದ ರಾಶಿಗೆ ಸೇರಿದ್ದವು. ಆ ರೈತರಿಗೆ ಸಂಜೆಯೇ ದುಡ್ಡು ಮುಟ್ಟಿಸಿದೆವು.